ಊರಿಂದೂರಿಗೆ ನಡಿಗೆ: ಕುಮಾವೂನ್ ಹಳ್ಳಿಗಳ ಬಗ್ಗೆ ಓದುಗರ ಪ್ರಶ್ನೆಗಳು

ಹೋದ ಸಂಚಿಕೆಯಲ್ಲಿ ಉತ್ತರಾಖಂಡದ ಕುಮಾವೂನ್ ಸೀಮೆಯ ಹಳ್ಳಿ ನಡಿಗೆಯ ಬಗ್ಗೆ ಬರೆದಿದ್ದೆವು. ಅಲ್ಮೋರಾ ಜಿಲ್ಲೆಯ ಬಿನ್ಸರ್ ಅಭಯಾರಣ್ಯದ ಒಳಗೂ ಅಂಚಿಗೂ ದಲಾರ್, ರಿಸಾಲ್, ಗೋನಾಪ್, ಸತ್ರಿ, ಕಠ್‌ಧಾರಾ ಎಂಬ ಪುಟ್ಟ ಊರುಗಳಿವೆ. ದಿನಕ್ಕೆ ನಾಲ್ಕೈದು ಗಂಟೆ ಕಾಡುಹಾದಿಯಲ್ಲಿ ನಡೆದು ಒಂದು ಊರಿಂದ ಇನ್ನೊಂದಕ್ಕೆ ಹೋಗುವುದು, ಸ್ಥಳೀಯ ಗೈಡ್ ಜೊತೆಗಿರುವುದು, ರಾತ್ರಿ ಹಳ್ಳಿಯಲ್ಲೇ ಉಂಡು ಮಲಗುವುದು, ಇಷ್ಟೇ ಅದರ ಸ್ವರೂಪ. ಟೆಂಟ್ ಇಲ್ಲ, ಶಿಖರ ಹತ್ತುವ ಹಟವೂ ಇಲ್ಲ. ಬಂದ ಪತ್ರಗಳಲ್ಲಿ ಅರ್ಧದಷ್ಟು ಮಂಡಿಯ ಬಗ್ಗೆಯೇ ಇವೆ. ಆದ್ದರಿಂದ ಅಲ್ಲಿಂದಲೇ ಶುರು ಮಾಡುತ್ತೇವೆ.

ನನಗೆ 62 ವರ್ಷ. ಸಹಸ್ರತಾಲ್ ದುರಂತದ ಸುದ್ದಿ ಓದಿದ ಮೇಲೆ ಹಿಮಾಲಯ ಎಂದರೆ ಮನೆಯವರು ಬೇಡವೇ ಬೇಡ ಎನ್ನುತ್ತಾರೆ. ಮಂಡಿ ನೋವು ಸ್ವಲ್ಪ ಇದೆ. ಈ ನಡಿಗೆ ನನ್ನಿಂದಾದೀತೇ?
– ನಿವೃತ್ತ ಶಿಕ್ಷಕಿ, ಮೈಸೂರು

2024ರ ಜೂನ್‌ನಲ್ಲಿ ಕರ್ನಾಟಕದ ಒಂಬತ್ತು ಚಾರಣಿಗರು ಹಿಮಗಾಳಿಗೆ ಸಿಕ್ಕಿ ತೀರಿಕೊಂಡ ಸಹಸ್ರತಾಲ್ ಹಾದಿ 4,000 ಮೀಟರಿಗೂ ಮೇಲಿನದು. ಅಲ್ಲಿ ಹವೆ ಕೆಟ್ಟರೆ ಓಡಿಹೋಗಿ ಸೇರಲು ಒಂದು ಸೂರೂ ಇರುವುದಿಲ್ಲ. ಬಿನ್ಸರ್ ಅಭಯಾರಣ್ಯದ ಅತಿ ಎತ್ತರದ ಜಾಗವೇ 2,500 ಮೀಟರ್ ದಾಟುವುದಿಲ್ಲ. ಪ್ರವಾಸಿಗರು ಹಿಮಶಿಖರ ನೋಡಲು ಹೋಗುವ ಝೀರೋ ಪಾಯಿಂಟ್ ಸುಮಾರು 2,400 ಮೀಟರ್, ಊರುಗಳು ಅದಕ್ಕಿಂತ ಕೆಳಗೆ. ಎತ್ತರದ ಕಾಯಿಲೆ ಸಾಮಾನ್ಯವಾಗಿ ಕಾಡುವುದು 2,500 ಮೀಟರ್ ದಾಟಿದ ಮೇಲೆ. ಮೊದಲ ದಿನ ಏರುವಾಗ ಸ್ವಲ್ಪ ಹೆಚ್ಚು ಏದುಸಿರು ಬರುತ್ತದೆ. ಗಾಳಿಯ ಒತ್ತಡ ಸಮುದ್ರಮಟ್ಟದಲ್ಲಿ ಇರುವುದರ ಮುಕ್ಕಾಲು ಪಾಲಿಗೆ ಇಳಿದಿರುವುದೇ ಕಾರಣ, ಅದಕ್ಕೆ ಹೆದರಬೇಕಿಲ್ಲ. ಹೃದಯದ ತೊಂದರೆ, ಉಬ್ಬಸ ಇದ್ದವರು ಮಾತ್ರ ವೈದ್ಯರನ್ನು ಕೇಳಿಯೇ ಹೊರಡಬೇಕು.

ಹೆದರಬೇಕಾದ್ದು ಇಳಿಜಾರಿಗೆ. ಏರುವಾಗ ಕೆಲಸ ಉಸಿರಿಗೆ, ನಿಂತು ಸುಧಾರಿಸಿಕೊಂಡರೆ ಸರಿಹೋಗುತ್ತದೆ. ಇಳಿಯುವಾಗ ತೊಡೆಯ ಮುಂಭಾಗದ ಸ್ನಾಯು ಹಿಗ್ಗುತ್ತಲೇ ದೇಹದ ಭಾರವನ್ನು ತಡೆಹಿಡಿಯಬೇಕು. ಸಮತಟ್ಟು ನೆಲದ ವಾಕಿಂಗ್ ಆ ಕೆಲಸವನ್ನು ಅದಕ್ಕೆ ಕಲಿಸಿರುವುದಿಲ್ಲ. ಸ್ನಾಯು ಸೋತೊಡನೆ ಭಾರವೆಲ್ಲ ಮಂಡಿಯ ಕೀಲಿಗೆ. ಸೋತ ಸ್ನಾಯುವಿನ ನೋವು ಆ ದಿನವೇ ಗೊತ್ತಾಗದು, ಎರಡನೆಯ, ಮೂರನೆಯ ದಿನ ಜೋರಾಗುತ್ತದೆ. ಮೊದಲ ದಿನ ಹುರುಪಿನಿಂದ ಧಡಧಡ ಇಳಿದವರು ಮೂರನೆಯ ದಿನ ಜೀಪು ಕೇಳುವುದು ಇದಕ್ಕೇ.

ನಿಮ್ಮ ಊರಿನಲ್ಲೇ ಪಾಠಶಾಲೆ ಇದೆ: ಚಾಮುಂಡಿ ಬೆಟ್ಟದ ಸಾವಿರ ಮೆಟ್ಟಿಲು. ಏರು ಹತ್ತಿರ ಹತ್ತಿರ 300 ಮೀಟರ್, ಅಂದರೆ ಹಳ್ಳಿ ನಡಿಗೆಯ ಒಂದು ಹಗುರ ದಿನದಷ್ಟು. ಆದರೆ ಬಹುತೇಕರು ಹತ್ತಿ, ದರ್ಶನ ಮುಗಿಸಿ, ಬಸ್ಸಿನಲ್ಲಿ ಇಳಿಯುತ್ತಾರೆ. ನೀವು ನಡೆದೇ ಇಳಿಯಿರಿ. ಹೊರಡುವ ಎಂಟು ವಾರ ಮುಂಚೆ ವಾರಕ್ಕೊಮ್ಮೆ ಅರ್ಧ ಬೆಟ್ಟದಿಂದ ಶುರು ಮಾಡಿ, ಕೊನೆಯ ಮೂರು ವಾರ ಪೂರ್ತಿ ಹತ್ತಿ ಇಳಿಯಿರಿ. ಮನೆಯಲ್ಲಿ ದಿನ ಬಿಟ್ಟು ದಿನ ಇನ್ನೊಂದು: ಸುಮಾರು ಒಂದು ಗೇಣು ಎತ್ತರದ ಮೆಟ್ಟಿಲ ಮೇಲೆ ಒಂಟಿಕಾಲಲ್ಲಿ ನಿಂತು, ಇನ್ನೊಂದು ಕಾಲಿನ ಹಿಮ್ಮಡಿ ನೆಲ ಮುಟ್ಟುವ ತನಕ ಮೂರು ಎಣಿಸುತ್ತ ನಿಧಾನ ಇಳಿಸಿ, ಮತ್ತೆ ಏಳಿ. ಒಂದೊಂದು ಕಾಲಿಗೆ ಹತ್ತು ಸಲ, ಮೂರು ಸುತ್ತು. ಗೋಡೆ ಹಿಡಿದುಕೊಂಡರೆ ತಪ್ಪಿಲ್ಲ. ಇದನ್ನು ಮಾಡುವಾಗಲೇ ಮಂಡಿಯಲ್ಲಿ ಚುಚ್ಚಿದಂತಾದರೆ ನಿಲ್ಲಿಸಿ ಮೂಳೆ ವೈದ್ಯರಿಗೆ ತೋರಿಸಿ.

ಊರುಗೋಲು ಎರಡು ಇರಲಿ. ಸಮತಟ್ಟಲ್ಲಿ ಮೊಣಕೈ 90 ಡಿಗ್ರಿಗೆ ಮಡಚಿ ನಿಲ್ಲುವಷ್ಟು ಉದ್ದ, ಇಳಿಜಾರಲ್ಲಿ ಅದಕ್ಕಿಂತ ಐದರಿಂದ ಹತ್ತು ಸೆಂಟಿಮೀಟರ್ ಹೆಚ್ಚು. ಕೋಲಿನ ಹಿಡಿಗಿರುವ ಪಟ್ಟಿಯೊಳಗೆ ಕೈಯನ್ನು ಕೆಳಗಿನಿಂದ ಮೇಲಕ್ಕೆ ತೂರಿಸಿ ಹಿಡಿಯಬೇಕು. ಆಗ ಭಾರ ಪಟ್ಟಿಯ ಮೇಲೆ ಬೀಳುತ್ತದೆ, ಮುಷ್ಟಿ ಸೋಲುವುದಿಲ್ಲ. ವಿಮಾನದಲ್ಲಿ ಇವನ್ನು ಕೈಚೀಲದಲ್ಲಿ ಬಿಡುವುದಿಲ್ಲ, ಚೆಕ್-ಇನ್ ಲಗೇಜಿಗೆ ಹಾಕಿ.

ಕಾರ್ಯಕ್ರಮ ಪಟ್ಟಿಯಲ್ಲಿ ಒಂದು ದಿನಕ್ಕೆ 8 ಕಿಲೋಮೀಟರ್ ಅಂತ ಬರದಾರ. ನಾವು ಗಂಡ-ಹೆಂಡತಿ ದಿನಾ ಉಣಕಲ್ ಕೆರಿ ಹತ್ರ ಐದು ಕಿಲೋಮೀಟರ್ ನಡೀತೀವಿ. ಎಂಟು ಏನ್ ಮಹಾ? ಅದಕ್ಕ ಇಡೀ ದಿನ ಯಾಕ ಬೇಕು?
– ದಂಪತಿ, ಹುಬ್ಬಳ್ಳಿ

ಬೆಟ್ಟದಲ್ಲಿ ಕಿಲೋಮೀಟರ್ ಸುಳ್ಳು ಹೇಳುತ್ತದೆ. ಗಂಟೆ ಕೇಳಿ, ಏರು ಇಳಿವಿನ ಮೀಟರ್ ಕೇಳಿ.

ಸ್ಕಾಟ್ಲೆಂಡಿನ ವಿಲಿಯಂ ನೈಸ್ಮಿತ್ 1892ರಲ್ಲಿ ಕೊಟ್ಟ ಒಂದು ಲೆಕ್ಕವನ್ನು ಚಾರಣಿಗರು ಇವತ್ತಿಗೂ ಬಳಸುತ್ತಾರೆ: ಐದು ಕಿಲೋಮೀಟರಿಗೆ ಒಂದು ಗಂಟೆ, ಜೊತೆಗೆ ಪ್ರತಿ 600 ಮೀಟರ್ ಏರಿಗೆ ಇನ್ನೊಂದು ಗಂಟೆ. ಅದು ಗಟ್ಟಿಗರ ಲೆಕ್ಕ. ಫೋಟೊ ತೆಗೆಯುತ್ತ, ಹಕ್ಕಿ ನೋಡುತ್ತ, ಮಾತಾಡುತ್ತ ನಡೆಯುವವರಿಗೆ ಗಂಟೆಗೆ ಮೂರು ಕಿಲೋಮೀಟರ್, ಪ್ರತಿ 300 ಮೀಟರ್ ಏರಿಗೆ ಒಂದು ಗಂಟೆ ಎಂದು ಹಿಡಿಯುವುದು ಕ್ಷೇಮ. ನಿಮ್ಮ ಎಂಟು ಕಿಲೋಮೀಟರಿನಲ್ಲಿ 450 ಮೀಟರ್ ಏರು ಇದೆ ಎಂದುಕೊಳ್ಳಿ. ನಡಿಗೆಗೆ 2 ಗಂಟೆ 40 ನಿಮಿಷ, ಏರಿಗೆ ಒಂದೂವರೆ ಗಂಟೆ. ಅಲ್ಲಿಗೆ ನಾಲ್ಕು ಗಂಟೆ ದಾಟಿತು. ಕಡಿದಾದ ಇಳಿವು ಇದ್ದರೆ ಇನ್ನೊಂದು ಕಾಲು ಗಂಟೆ, ಬುತ್ತಿ ಬಿಚ್ಚಿ ಉಣ್ಣಲು ಮುಕ್ಕಾಲು ಗಂಟೆ. ಬೆಳಿಗ್ಗೆ ಒಂಬತ್ತಕ್ಕೆ ಹೊರಟವರು ಮಧ್ಯಾಹ್ನ ಎರಡೂ ಕಾಲರ ಹೊತ್ತಿಗೆ ಊರು ಸೇರುತ್ತೀರಿ. ನವೆಂಬರಿನಲ್ಲಿ ಅಲ್ಲಿ ಐದೂ ಕಾಲರ ಹೊತ್ತಿಗೆ ಸೂರ್ಯ ಮುಳುಗುತ್ತಾನೆ, ಕಣಿವೆಯ ಊರಿಗೆ ನೆರಳು ಇನ್ನೂ ಮುಂಚೆ ಬೀಳುತ್ತದೆ. ಆದ್ದರಿಂದ ಈ ಲೆಕ್ಕದಲ್ಲಿ ಎರಡು ಗಂಟೆ ಉಳಿಕೆ ಇರಲೇಬೇಕು.

ಇನ್ನೊಂದು ಮಾತು. ಗಂಡ-ಹೆಂಡತಿ ಇಬ್ಬರಲ್ಲಿ ಯಾರು ನಿಧಾನವೋ ಅವರು ಗೈಡಿನ ಹಿಂದೆಯೇ, ಎಲ್ಲರಿಗಿಂತ ಮುಂದೆ ನಡೆಯಲಿ. ನಿಧಾನದವರನ್ನು ಹಿಂದೆ ಬಿಟ್ಟರೆ ಏನಾಗುತ್ತದೆ ನೋಡಿ: ಮುಂದಿನವರು ಕೂತು ಕಾಯುತ್ತಾರೆ, ಹಿಂದಿನವರು ಏದುಸಿರು ಬಿಡುತ್ತ ಬಂದು ಸೇರಿದ ಕೂಡಲೇ ಎಲ್ಲರೂ ಏಳುತ್ತಾರೆ. ವಿಶ್ರಾಂತಿ ಬೇಕಾದವರಿಗೇ ವಿಶ್ರಾಂತಿ ಸಿಗುವುದಿಲ್ಲ.

ಐದು ವರ್ಷದ ಹಿಂದೆ ಕೊಂಡ ದುಬಾರಿ ಟ್ರೆಕ್ಕಿಂಗ್ ಶೂ ಇದೆ. ಎರಡೇ ಸಲ ಹಾಕಿದ್ದು, ಹೊಸದರ ಹಾಗಿದೆ. ಸಾಲದೇ?
– ಸಾಫ್ಟ್‌ವೇರ್ ಉದ್ಯೋಗಿ, ಬೆಂಗಳೂರು

ಅದೇ ಅಪಾಯದ ಶೂ. ಅನೇಕ ಶೂಗಳಲ್ಲಿ ಅಟ್ಟೆಯ ಒಳಪದರ ಪಾಲಿಯುರಿಥೇನ್ ಎಂಬ ನೊರೆಯಂಥ ವಸ್ತುವಿನದು. ಗಾಳಿಯ ತೇವ ಅದನ್ನು ವರ್ಷಾನುಗಟ್ಟಲೆ ಒಳಗೊಳಗೇ ಮುರಿಯುತ್ತದೆ. ಬೀರುವಿನಲ್ಲಿ ಸುಮ್ಮನೆ ಇಟ್ಟ ಜೋಡು ಬೇಗ ಹಾಳಾಗುವುದುಂಟು, ದಿನಾ ಮೆಟ್ಟಿದ್ದು ಬಾಳಿಕೆ ಬರುವುದುಂಟು. ಹೊರಗಿನಿಂದ ಏನೂ ಕಾಣದು. ನಡಿಗೆಯ ಮೊದಲ ಅಥವಾ ಎರಡನೆಯ ದಿನ ಅಟ್ಟೆ ಬಾಯಿ ಬಿಟ್ಟು ರಸ್ಕಿನಂತೆ ಉದುರುತ್ತದೆ. ಹೆಬ್ಬೆರಳಿನಿಂದ ಅಟ್ಟೆಯ ಪಕ್ಕವನ್ನು ಗಟ್ಟಿಯಾಗಿ ಒತ್ತಿ ನೋಡಿ. ಬಿರುಕು ಮೂಡಿದರೆ, ಪುಡಿ ಬಂದರೆ ಅದರ ಆಸೆ ಬಿಡಿ. ಏನೂ ಆಗದಿದ್ದರೂ ಹೊರಡುವ ಮುಂಚೆ ಅದನ್ನು ಹಾಕಿಕೊಂಡು ಕನಿಷ್ಠ 30 ಕಿಲೋಮೀಟರ್ ನಡೆದಿರಬೇಕು. ಚೀಲದಲ್ಲಿ ಎರಡು ಮೀಟರ್ ಉದ್ದದ ಅಗಲವಾದ ಟೇಪ್ ಇಟ್ಟುಕೊಳ್ಳಿ, ಕಿತ್ತ ಅಟ್ಟೆಗೆ ಸುತ್ತಿ ಊರು ಮುಟ್ಟಬಹುದು.

ಹೊಸದು ಕೊಳ್ಳುವುದಾದರೆ ಸಂಜೆ ಹೋಗಿ, ಆ ಹೊತ್ತಿಗೆ ಪಾದ ಸ್ವಲ್ಪ ಊದಿರುತ್ತದೆ. ನಡಿಗೆಗೆ ಹಾಕುವ ಕಾಲುಚೀಲವನ್ನೇ ಹಾಕಿಕೊಂಡು ನೋಡಿ. ಹೆಬ್ಬೆರಳ ಮುಂದೆ ಒಂದು ಹೆಬ್ಬೆರಳಗಲ ಜಾಗ ಬೇಕು. ಅದಿಲ್ಲದಿದ್ದರೆ ಇಳಿಜಾರಿನಲ್ಲಿ ಬೆರಳು ಮುಂದಕ್ಕೆ ಬಡಿದು ಉಗುರು ಕಪ್ಪಾಗುತ್ತದೆ, ಆಮೇಲೆ ಉದುರುತ್ತದೆ. ಹೊರಡುವ ಎರಡು ದಿನ ಮುಂಚೆ ಕಾಲುಗುರನ್ನು ನೇರವಾಗಿ ಕತ್ತರಿಸಿ. ಹತ್ತಿಯ ಕಾಲುಚೀಲ ಬೇಡ, ಬೆವರು ಹೀರಿ ಒದ್ದೆಯಾಗಿಯೇ ಇದ್ದು ಚರ್ಮ ಮೆದುಮಾಡುತ್ತದೆ. ಬೊಬ್ಬೆ ಏಳುವುದು ಅಲ್ಲೇ. ಎಲ್ಲಾದರೂ ಬಿಸಿಯಾದಂತೆ ಅನ್ನಿಸಿದ ಕ್ಷಣವೇ ನಿಂತು ಟೇಪ್ ಅಂಟಿಸಿ. ಮುಂದಿನ ಊರಲ್ಲಿ ನೋಡಿಕೊಳ್ಳೋಣ ಎಂದವರು ಮುಂದಿನ ಊರಿಗೆ ಕುಂಟುತ್ತ ಬರುತ್ತಾರೆ.

ಕುಮಾವೂನಿನಲ್ಲಿ ಜಾರುವುದು ಬಂಡೆಗಿಂತ ಹೆಚ್ಚಾಗಿ ಪಿರೂಲ್ ಮೇಲೆ. ಚೀಡ್ ಮರದ, ಅಂದರೆ ಅಲ್ಲಿನ ಪೈನ್ ಮರದ, ಒಣಗಿದ ಸೂಜಿ ಎಲೆಗೆ ಅಲ್ಲಿ ಆ ಹೆಸರು. ಒಣಗಿದ್ದಾಗಲೇ ಅದು ಎಣ್ಣೆ ಸುರಿದ ನೆಲದ ಹಾಗೆ. ಎಷ್ಟು ಒಳ್ಳೆಯ ಅಟ್ಟೆಯೂ ಅಲ್ಲಿ ಕೆಲಸಕ್ಕೆ ಬಾರದು, ಏಕೆಂದರೆ ಜಾರುವುದು ಎಲೆಯ ಮೇಲೆ ಎಲೆ. ಹೆಜ್ಜೆ ಗಿಡ್ಡ ಮಾಡಿ, ಪಾದ ತುಸು ಅಡ್ಡ ಇಟ್ಟು, ಎಲೆ ಸರಿಸಿ ಮಣ್ಣು ಸಿಕ್ಕಿದ ಮೇಲೆ ಭಾರ ಹಾಕಿ. ಓಕ್ ಕಾಡಿಗೆ (ಅಲ್ಲಿ ಬಾಂಜ್ ಎನ್ನುತ್ತಾರೆ) ಬಂದ ಮೇಲೆ ಈ ಕಾಟ ಇಲ್ಲ.

ನಾವು ಸಸ್ಯಾಹಾರಿಗಳು, ಅನ್ನ-ಸಾರು ಇಲ್ಲದೆ ಆಗದವರು. ಊಟಕ್ಕೆ ಏನು ಗತಿ?
– ಓದುಗರು, ಸಿರಸಿ

ಸಸ್ಯಾಹಾರಕ್ಕೆ ತೊಂದರೆಯೇ ಇಲ್ಲ. ಅನ್ನವೂ ಇರುತ್ತದೆ. ಸಾರಿನ ಜಾಗದಲ್ಲಿ ಗಹತ್ ದಾಲ್ ಬರುತ್ತದೆ, ಅದು ನಮ್ಮ ಹುರುಳಿಯೇ. ಮಡುವಾ ರೋಟಿ ಎಂದರೆ ರಾಗಿ ರೊಟ್ಟಿ. ಮುದ್ದೆ ಮಾತ್ರ ಅವರಿಗೆ ಗೊತ್ತಿಲ್ಲ. ಕಪ್ಪು ಸೋಯಾ ಕಾಳಿನ ಭಟ್ ಕಿ ಚುಡಕಾಣಿ, ಸೊಪ್ಪಿನ ಕಾಪಾ, ಒಗ್ಗರಣೆಯ ಆಲೂಗಡ್ಡೆ ಗುಟ್ಕೆ, ಊದಲಿನ ಪಾಯಸ, ಸಾಸಿವೆ ಅರೆದು ಹಾಕಿದ ಸೌತೆಕಾಯಿ ರಾಯ್ತಾ ಸಿಕ್ಕರೆ ಬಿಡಬೇಡಿ. ಭಂಗಿನ ಬೀಜದ ಚಟ್ನಿಗೆ ಹೆದರಬೇಕಿಲ್ಲ, ಬೀಜದಲ್ಲಿ ಮತ್ತು ಇರುವುದಿಲ್ಲ. ಹುರಿದು ಅರೆದು ನಿಂಬೆ ಹಿಂಡಿದರೆ ನಮ್ಮ ಹುಚ್ಚೆಳ್ಳು ಚಟ್ನಿಯ ದೂರದ ನೆಂಟನಂತಿರುತ್ತದೆ. ಕಲ್ಲಿನ ಮೇಲೆ ಹಸಿಮೆಣಸು, ಸೊಪ್ಪು ಸೇರಿಸಿ ಅರೆದ ಉಪ್ಪು, ಪಿಸ್ಯೂ ಲೂಣ್, ಸೌತೆಕಾಯಿಯ ಜೊತೆ ಕೊಡುತ್ತಾರೆ.

ಕಷ್ಟವಾಗುವುದು ಸಾಸಿವೆ ಎಣ್ಣೆಯ ಘಾಟು. ನಿಮ್ಮ ಕಡೆಯ ತೆಂಗಿನೆಣ್ಣೆ ಅಲ್ಲಿಯವರಿಗೆ ಹೇಗೋ ಹಾಗೆ. ಬೇಡವಾದರೆ ಹೊರಡುವ ವಾರದ ಮುಂಚೆಯೇ ತಿಳಿಸಿ. ಈರುಳ್ಳಿ, ಬೆಳ್ಳುಳ್ಳಿ ಬೇಡ ಎಂಬುದನ್ನೂ ಹಾಗೆಯೇ. ಅಂಗಡಿಗೆ ಹೋಗಿಬರಲು ಅರ್ಧ ದಿನ ಹಿಡಿಯುವ ಊರಿನಲ್ಲಿ ರಾತ್ರಿ ಎಂಟಕ್ಕೆ ಬೇರೆ ಎಣ್ಣೆ ಕೇಳಿದರೆ ಅಡುಗೆಯವರು ನಗುತ್ತಲೇ ಒಪ್ಪುತ್ತಾರೆ, ತಾವು ನಾಳೆಗಿಟ್ಟ ತುಪ್ಪ ತೆಗೆಯುತ್ತಾರೆ. ಫಿಲ್ಟರ್ ಕಾಫಿ ಸಿಗದು, ಡಿಕಾಕ್ಷನ್ ಬೇಕಿದ್ದರೆ ಪುಡಿ, ಸಣ್ಣ ಫಿಲ್ಟರ್ ನೀವೇ ಒಯ್ಯಿರಿ.

ನೀರಿನ ವಿಷಯ ಇಲ್ಲೇ ಹೇಳಿಬಿಡುತ್ತೇವೆ. ದಾರಿಯಲ್ಲಿ ನೌಲಾ ಎಂಬ ಕಲ್ಲುಕಟ್ಟಡದ ಒರತೆಗಳಿವೆ. ನೋಡಲು ಸ್ಫಟಿಕದಂತಿದ್ದರೂ ಮೇಲ್ಗಡೆ ದನ ಮೇಯುತ್ತವೆ. ಕುದಿಸಿದ ನೀರನ್ನೇ ತುಂಬಿಕೊಳ್ಳಿ. 2,000 ಮೀಟರ್ ಎತ್ತರದಲ್ಲಿ ನೀರು 93 ಡಿಗ್ರಿಗೇ ಕುದಿಯುವುದರಿಂದ ಗುಳ್ಳೆ ಎದ್ದ ಮೇಲೂ ಮೂರು ನಿಮಿಷ ಬಿಡಬೇಕು. ಕ್ಲೋರಿನ್ ಮಾತ್ರೆಯಾದರೆ ಅರ್ಧ ಗಂಟೆ, ನೀರು ತಣ್ಣಗಿದ್ದರೆ ಇನ್ನಷ್ಟು ಹೊತ್ತು. ಒಬ್ಬರಿಗೆ ದಿನಕ್ಕೆ ಎರಡು ಲೀಟರ್ ಚೀಲದಲ್ಲಿರಲಿ.

ಹಳ್ಳಿಮನೆಯಲ್ಲಿ ತಂಗುವಾಗ ಏನೇನು ಗಮನಿಸಬೇಕು? ಸ್ನಾನ, ಶೌಚಾಲಯದ ವ್ಯವಸ್ಥೆ ಹೇಗೆ?
– ಓದುಗರು, ದಾವಣಗೆರೆ

ಮೊದಲು ತಲೆ ಬಗ್ಗಿಸಿ. ವಿನಯದ ಮಾತಲ್ಲ, ಹಳೆಯ ಕುಮಾವೂನಿ ಮನೆಗಳ ಬಾಗಿಲು ಐದಡಿಗಿಂತ ಎತ್ತರವಿರುವುದು ಅಪರೂಪ. ಚಳಿ ಒಳಬರದಿರಲಿ ಎಂದು ಹಾಗೆ. ಕೆಳಗಿನ ಅಂತಸ್ತು, ಗೋಠ್, ದನಕ್ಕೆ, ಮೇಲಿನದು ಜನಕ್ಕೆ. ಹೊಸಿಲಲ್ಲಿ ಕೆಮ್ಮಣ್ಣಿನ ಮೇಲೆ ಅಕ್ಕಿಹಿಟ್ಟಿನ ಬಿಳಿ ಗೆರೆಗಳ ಐಪಣ್ ಬರೆದಿರುತ್ತಾರೆ. ನಮ್ಮ ರಂಗೋಲಿಯನ್ನು ಹೇಗೆ ದಾಟುತ್ತೀರೋ ಹಾಗೆ ದಾಟಿ. ಅಡುಗೆಮನೆಗೆ ಕರೆಯದೆ ಹೋಗಬೇಡಿ, ಕರೆದರೆ ಚಪ್ಪಲಿ ಹೊರಗೆ. ಅಜ್ಜಿಗೆ ಆಮಾ, ಅಜ್ಜನಿಗೆ ಬೂಬು, ವಯಸ್ಸಲ್ಲಿ ಹಿರಿಯ ಗಂಡಸಿಗೆ ದಾಜ್ಯೂ, ಹೆಂಗಸಿಗೆ ದೀದಿ ಎಂದರೆ ಮುಖ ಅರಳುತ್ತದೆ. ಹಿಂದಿ ಎಲ್ಲರಿಗೂ ಬರುತ್ತದೆ.

ಎಲ್ಲ ಕಡೆಯೂ ಕುಟುಂಬದ ಜೊತೆಯಲ್ಲೇ ಇರುತ್ತೀರಿ ಎಂದುಕೊಳ್ಳಬೇಡಿ. ಬಿನ್ಸರ್ ಒಳಗಿನ ಕೆಲವು ಊರುಗಳಲ್ಲಿ ಊರವರು ಸೇರಿ ನಡೆಸುವ ನಾಲ್ಕಾರು ಕೋಣೆಯ ಅತಿಥಿಮನೆ ಇದೆ. ಯಾವುದು ಎಂದು ಮುಂಚೆಯೇ ಕೇಳಿಕೊಳ್ಳಿ, ಎರಡಕ್ಕೂ ಅದರದರ ಸುಖ ಇದೆ. ಶೌಚಾಲಯ ಹಲವೆಡೆ ಅಂಗಳ ದಾಟಿ ಹೊರಗೆ. ರಾತ್ರಿಗೆ ಹಣೆಗೆ ಕಟ್ಟುವ ಟಾರ್ಚ್ ಬೇಕೇ ಬೇಕು. ಒದ್ದೆ ಟಿಶ್ಯೂ, ಪ್ಯಾಡ್ ಗುಂಡಿಗೆ ಹಾಕಿದರೆ ಕಟ್ಟಿಕೊಳ್ಳುತ್ತದೆ, ತೆಗೆಯಲು ಪೇಟೆಯಿಂದ ಗಾಡಿ ಬರುವ ರಸ್ತೆ ಇರುವುದಿಲ್ಲ. ಅವನ್ನು ಮುಚ್ಚುವ ಚೀಲದಲ್ಲಿ ಅಲ್ಮೋರಾಕ್ಕೆ ವಾಪಸ್ ಒಯ್ಯಬೇಕು.

ಬಿಸಿನೀರು ಒಂದು ಬಕೆಟ್. ಎರಡನೆಯದನ್ನು ಕೇಳುವ ಮುಂಚೆ ಯೋಚಿಸಿ. ನೀರು ಒರತೆಯಿಂದ ಬಂದದ್ದು, ಕಾಯಿಸಿದ ಸೌದೆ ಹೆಂಗಸರು ಕಾಡಿನಿಂದ ಹೊತ್ತು ತಂದದ್ದು. ಸ್ನಾನಕ್ಕೆ ಒಳ್ಳೆಯ ಹೊತ್ತು ನಡಿಗೆ ಮುಗಿಸಿ ಬಂದ ಮಧ್ಯಾಹ್ನ ಮೂರು ಗಂಟೆ. ಮೈ ಬೆಚ್ಚಗಿರುತ್ತದೆ, ಬಟ್ಟೆಯೂ ಬಿಸಿಲಿಗೆ ಒಣಗುತ್ತದೆ. ಬೆಳಗಿನ ಆರಕ್ಕೆ ಮಡಿಸ್ನಾನದ ಹಟ ಹಿಡಿದವರು ಕಾಯಿಸುವವರನ್ನು ನಾಲ್ಕೂವರೆಗೆ ಎಬ್ಬಿಸಿರುತ್ತಾರೆ. ಕರೆಂಟನ್ನು ನೆಚ್ಚಿಕೊಳ್ಳಬೇಡಿ. ಪವರ್ ಬ್ಯಾಂಕ್ ಒಯ್ದು, ರಾತ್ರಿ ಫೋನನ್ನೂ ಅದನ್ನೂ ಹೊದಿಕೆಯೊಳಗೆ ಇಟ್ಟುಕೊಳ್ಳಿ. ಚಳಿಗೆ ಬ್ಯಾಟರಿ ಬೇಗ ಸೋಲುತ್ತದೆ.

ಯಾವ ತಿಂಗಳು ಒಳ್ಳೆಯದು?
– ಓದುಗರು, ತುಮಕೂರು

ಹಿಮಶಿಖರ ನೋಡಬೇಕಿದ್ದರೆ ಅಕ್ಟೋಬರ್ ನಡುವಿನಿಂದ ಡಿಸೆಂಬರ್ ನಡುವಿನವರೆಗೆ. ಮಳೆ ತೊಳೆದ ಗಾಳಿಯಲ್ಲಿ ತ್ರಿಶೂಲ್ (7,120 ಮೀ.), ನಂದಾದೇವಿ (7,816 ಮೀ.), ಪಂಚಚೂಲಿ ಸಾಲಾಗಿ ನಿಲ್ಲುತ್ತವೆ. ಬೆಳಿಗ್ಗೆ ಎದ್ದ ಕೂಡಲೇ ನೋಡಿ, ಹತ್ತು ಗಂಟೆಗೆ ಮೋಡ ಕಟ್ಟಿಕೊಳ್ಳಬಹುದು. ಕೆಂಪು ಬುರಾಂಶ್ ಹೂವಿಗೆ ಫೆಬ್ರವರಿ ಕೊನೆಯಿಂದ ಏಪ್ರಿಲ್. ಮಕ್ಕಳ ರಜೆ ಎಂದು ಮೇ ತಿಂಗಳು ಆರಿಸಿದರೆ ಕಾಫಲ್ ಹಣ್ಣು ಸಿಗುತ್ತದೆ, ಶಿಖರ ಸಿಗುವುದು ಅದೃಷ್ಟ. ಕಾಡ್ಗಿಚ್ಚಿನ ಹೊಗೆ ಕವಿದಿರುತ್ತದೆ. ಅಲ್ಲಿ ಫೆಬ್ರವರಿ 15ರಿಂದ ಜೂನ್ 15ರವರೆಗೆ ಬೆಂಕಿಯ ಕಾಲ ಎಂದೇ ಲೆಕ್ಕ. 2024ರ ಜೂನ್‌ನಲ್ಲಿ ಬಿನ್ಸರ್‌ನಲ್ಲೇ ಬೆಂಕಿ ಆರಿಸಲು ಹೋದ ಅರಣ್ಯ ಸಿಬ್ಬಂದಿ ಪ್ರಾಣ ಕಳೆದುಕೊಂಡರು. ಪಿರೂಲ್ ಹಾಸಿದ ಕಾಡಿನಲ್ಲಿ ಬೀಡಿ, ಸಿಗರೇಟು, ಒಲೆ ಯಾವುದೂ ಕೂಡದು. ಜುಲೈ, ಆಗಸ್ಟ್ ಬೇಡವೇ ಬೇಡ, ರಸ್ತೆಗೆ ಗುಡ್ಡ ಕುಸಿಯುತ್ತದೆ.

ಬಟ್ಟೆಯ ಲೆಕ್ಕ: ಪ್ರತಿ ಸಾವಿರ ಮೀಟರ್ ಏರಿಗೆ ಸುಮಾರು ಆರೂವರೆ ಡಿಗ್ರಿ ಇಳಿಯುತ್ತದೆ. ಬೆಟ್ಟದ ಬುಡದ ಕಾಠಗೋದಾಮಿನಲ್ಲಿ ಅಂಗಿ ಸಾಕೆನ್ನಿಸಿದ ದಿನವೇ ಬಿನ್ಸರ್‌ನಲ್ಲಿ ಸ್ವೆಟರ್ ಬೇಕು. ದಪ್ಪ ಕೋಟು ಒಂದರ ಬದಲು ತೆಳುವಾದ ಮೂರು ಪದರ ಒಯ್ಯಿರಿ.

ಏಳು ವರ್ಷದ ಮಗಳನ್ನು ಕರೆದೊಯ್ಯಬಹುದೇ? ಚಿರತೆ ಇದೆ ಎನ್ನುತ್ತಾರೆ.
– ತಾಯಿ, ಮಂಗಳೂರು

ಕರೆದೊಯ್ಯಬಹುದು, ದಿನಕ್ಕೆ ಐದಾರು ಕಿಲೋಮೀಟರಿನ ಹಾದಿ ಆರಿಸಿ. ಚಿರತೆ ಇರುವುದು ನಿಜ. ಅಲ್ಲಿ ಗುಲ್ದಾರ್ ಎನ್ನುತ್ತಾರೆ, ಊರಿನ ನಾಯಿಗಳ ಕೊರಳಿಗೆ ಕಬ್ಬಿಣದ ಮುಳ್ಳಿನ ಪಟ್ಟಿ ಕಟ್ಟುವುದೂ ಅದಕ್ಕೇ. ಹಗಲಲ್ಲಿ ಗುಂಪಾಗಿ ನಡೆಯುವವರ ತಂಟೆಗೆ ಅದು ಬರುವುದು ತೀರಾ ಅಪರೂಪ. ನಿಯಮ ಎರಡೇ: ಮಗು ಸದಾ ಇಬ್ಬರು ದೊಡ್ಡವರ ನಡುವೆ ನಡೆಯಬೇಕು, ಮುಸ್ಸಂಜೆಯ ಮೇಲೆ ಅಂಗಳದಾಚೆ ಒಂಟಿಯಾಗಿ ಹೋಗಬಾರದು. ಶೌಚಾಲಯಕ್ಕೂ ಜೊತೆಗೆ ಹೋಗಿ.

ಮಕ್ಕಳಿಗೆ ಚಿರತೆಗಿಂತ ಹೆಚ್ಚು ಕಾಡುವುದು ಬಿಚ್ಛೂ ಘಾಸ್, ನಮ್ಮ ತುರಿಕೆ ಸೊಪ್ಪಿನಂಥ ಗಿಡ. ಹಾದಿಯ ಪಕ್ಕದಲ್ಲೇ ಮೊಣಕಾಲೆತ್ತರ ಬೆಳೆದಿರುತ್ತದೆ. ಉದ್ದ ಪ್ಯಾಂಟ್ ಹಾಕಿಸಿ. ತಗುಲಿದರೆ ಉಜ್ಜಬೇಡಿ, ಉಜ್ಜಿದಷ್ಟೂ ಮುಳ್ಳುಗೂದಲು ಒಳಹೋಗುತ್ತದೆ. ಟೇಪ್ ಅಂಟಿಸಿ ಎಳೆದು ತೆಗೆದು, ತಣ್ಣೀರು ಹಾಕಿ. ಕೆಲವು ಗಂಟೆಯಲ್ಲಿ ಉರಿ ಇಳಿಯುತ್ತದೆ. ಅದೇ ಗಿಡವನ್ನು ಬೇಯಿಸಿ ಪಲ್ಯ ಮಾಡುತ್ತಾರೆ ಎಂದು ಹೇಳಿ, ಅಳು ನಿಲ್ಲಬಹುದು.

ಸಕ್ಕರೆ ಕಾಯಿಲೆಗೆ ಇನ್ಸುಲಿನ್ ತೆಗೆದುಕೊಳ್ಳುತ್ತೇನೆ.
– ಓದುಗರು, ಕಲಬುರಗಿ

ನಡಿಗೆಯ ದಿನ ಸಕ್ಕರೆ ಇಳಿಯುವುದು ಹೆಚ್ಚು, ಅದೂ ರಾತ್ರಿ ಮಲಗಿದ ಮೇಲೆ. ಡೋಸ್ ಎಷ್ಟು ಎಂಬುದನ್ನು ನಿಮ್ಮ ವೈದ್ಯರೇ ಮುಂಚೆ ಬರೆದುಕೊಡಬೇಕು. ಗ್ಲೂಕೋಸ್, ಬಿಸ್ಕತ್ತು ಜೇಬಿನಲ್ಲಿರಲಿ, ಸಾಗಿಸಲು ಕೊಟ್ಟ ದೊಡ್ಡ ಚೀಲದಲ್ಲಿ ಅಲ್ಲ. ಆ ಚೀಲ ಕುದುರೆಯ ಮೇಲೆ ಬೇರೆ ದಾರಿಯಲ್ಲಿ ಹೋಗಿರುತ್ತದೆ. ಇನ್ಸುಲಿನ್ ಹೆಪ್ಪುಗಟ್ಟಿದರೆ ಕೆಡುತ್ತದೆ, ಚಳಿಗಾಲದಲ್ಲಿ ರಾತ್ರಿ ಹೊದಿಕೆಯ ಹತ್ತಿರ ಇಡಿ. ನಿಮ್ಮ ಕಾಯಿಲೆಯ ವಿಷಯ ಗೈಡಿಗೆ ಗೊತ್ತಿರಲೇಬೇಕು.

ನಮ್ಮ ಹಣ ಹಳ್ಳಿಯವರಿಗೆ ಸೇರುತ್ತದೋ ಮಧ್ಯವರ್ತಿಗೋ ಎಂದು ತಿಳಿಯುವುದು ಹೇಗೆ?
– ಓದುಗರು, ಶಿವಮೊಗ್ಗ

ಕೇಳಿದರೆ ತಿಳಿಯುತ್ತದೆ. ಮನೆಯವರಿಗೆ ರಾತ್ರಿಗೆ ಎಷ್ಟು, ಗೈಡಿಗೆ ದಿನಕ್ಕೆ ಎಷ್ಟು, ಚೀಲ ಹೊರುವವರಿಗೆ ಎಷ್ಟು, ಅರಣ್ಯ ಇಲಾಖೆಯ ಪ್ರವೇಶ ಶುಲ್ಕ ಒಳಗೋ ಹೊರಗೋ. ಈ ನಾಲ್ಕಕ್ಕೆ ನೇರ ಉತ್ತರ ಕೊಡುವ ಸಂಘಟಕರು ಸಾಮಾನ್ಯವಾಗಿ ಉಳಿದದ್ದರಲ್ಲೂ ನೇರವಾಗಿರುತ್ತಾರೆ. ಐದನೆಯ ಪ್ರಶ್ನೆಯೂ ಇದೆ: ಪ್ರತಿ ದಿನದ ಹಾದಿಯಿಂದ ಗಾಡಿ ಬರುವ ರಸ್ತೆಗೆ ಎಷ್ಟು ಹೊತ್ತಿನ ನಡಿಗೆ? ಕಾಲು ಉಳುಕಿದಾಗ ಬೇಕಾಗುವುದು ಈ ಉತ್ತರ. ಉತ್ತರಾಖಂಡದಲ್ಲಿ ಹೋಂಸ್ಟೇ ಎಂದು ನೋಂದಾಯಿಸಲು ಮನೆಯವರೇ ಅಲ್ಲಿ ವಾಸವಿರಬೇಕು. ದಿಲ್ಲಿಯ ಮಾಲೀಕರು, ಕೂಲಿಯ ಮ್ಯಾನೇಜರು ಇರುವ ಕಾಂಕ್ರೀಟ್ ಕಟ್ಟಡ ಹೋಂಸ್ಟೇ ಅಲ್ಲ, ಬೋರ್ಡ್ ಏನೇ ಹೇಳಲಿ.

ಯುಪಿಐ ನೆಚ್ಚಬೇಡಿ, ಸಿಗ್ನಲ್ ಬೇಕಲ್ಲ. ಅಲ್ಮೋರಾದ ಎಟಿಎಂನಲ್ಲಿ ನಗದು ತೆಗೆದು, ನೂರು, ಇನ್ನೂರರ ನೋಟು ಮಾಡಿಕೊಳ್ಳಿ. ಖುಷಿಗೆ ಕೊಡುವ ದುಡ್ಡನ್ನು ಎಲ್ಲರಿಗೂ ಹಂಚುವ ಪೆಟ್ಟಿಗೆ ಇದ್ದರೆ ಅದರಲ್ಲೇ ಹಾಕಿ. ಮಕ್ಕಳ ಕೈಗೆ ದುಡ್ಡು, ಚಾಕಲೇಟು ಕೊಡಬೇಡಿ.

ಬೆಂಗಳೂರಿನಿಂದ ಹೋಗುವುದು ಹೇಗೆ?
– ಹಲವು ಓದುಗರು

ದಿಲ್ಲಿಗೆ ವಿಮಾನ ಅಥವಾ ರೈಲು. ಅಲ್ಲಿಂದ ರಾಣಿಖೇತ್ ಎಕ್ಸ್‌ಪ್ರೆಸ್ ಹಳೇ ದಿಲ್ಲಿಯಲ್ಲಿ ರಾತ್ರಿ ಹತ್ತಿದರೆ ಬೆಳಗಿನ ಜಾವ ಕಾಠಗೋದಾಮ್, ರೈಲುಹಳಿ ಮುಗಿಯುವುದೇ ಅಲ್ಲಿ. ಹಗಲಲ್ಲಿ ಶತಾಬ್ದಿ ಇದೆ. ಮುಂದೆ ಅಲ್ಮೋರಾಕ್ಕೆ ಶೇರ್ ಜೀಪಿನಲ್ಲಿ ಮೂರರಿಂದ ನಾಲ್ಕು ಗಂಟೆ, ಅಲ್ಲಿಂದ ಬಿನ್ಸರ್‌ಗೆ ಸುಮಾರು 30 ಕಿಲೋಮೀಟರ್. ದಾರಿಯಲ್ಲಿ ಕೈಂಚಿ ಧಾಮ ಎಂಬ ಆಶ್ರಮದ ಬಳಿ ವಾರಾಂತ್ಯದಲ್ಲಿ ವಾಹನ ಕಿಕ್ಕಿರಿಯುತ್ತವೆ. ಜೂನ್ 15ರ ಮೇಳದ ದಿನ ಆ ರಸ್ತೆಯ ಕಡೆ ತಲೆಯೇ ಹಾಕಬೇಡಿ. ತಲುಪಿದ ದಿನವೇ ನಡಿಗೆ ಇಟ್ಟುಕೊಳ್ಳಬೇಡಿ. ಆಧಾರ್ ಕಾರ್ಡ್ ಅಭಯಾರಣ್ಯದ ಗೇಟಿನಲ್ಲಿ ಬೇಕಾಗುತ್ತದೆ. ಬೆನ್ನ ಮೇಲಿನ ಚೀಲ ದಿನಕ್ಕೆ ಐದು ಕಿಲೋ ದಾಟದಿರಲಿ, ಮನೆಯಲ್ಲೇ ತೂಕ ಹಾಕಿ ನೋಡಿ.

ಅಷ್ಟು ದೂರ ಯಾಕೆ? ನಮ್ಮ ಮಲೆನಾಡಿನಲ್ಲೇ ಹೀಗೆ ನಡೆಯಬಹುದಲ್ಲ?
– ಓದುಗರು, ತೀರ್ಥಹಳ್ಳಿ

ನಡೆಯಬಹುದು, ತಿಂಗಳು ನೋಡಿ ನಡೆಯಬೇಕು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಉಂಬಳ. ಒತ್ತಾದ ನೇಯ್ಗೆಯ ಬಟ್ಟೆಯ ಚೀಲವನ್ನು ಮೊಣಕಾಲ ತನಕ ಕಟ್ಟಿ, ಅದರ ಮೇಲೆ ಹೊಗೆಸೊಪ್ಪಿನ ನೀರು ಸವರುವುದು ನಿಮಗೆ ಹೇಳಿಕೊಡಬೇಕಾದ್ದಲ್ಲ. ಕಚ್ಚಿದ್ದನ್ನು ಎಳೆಯದೆ, ಸಣ್ಣ ತುದಿಯ ಬುಡಕ್ಕೆ ಉಗುರು ತೂರಿಸಿ ಜಾರಿಸಿ. ಉಪ್ಪು ಸುರಿದರೆ, ಬೆಂಕಿ ತಾಗಿಸಿದರೆ ಅದು ಕುಡಿದದ್ದನ್ನು ಗಾಯಕ್ಕೇ ಕಾರುತ್ತದೆ. ರಕ್ತ ಹೆಪ್ಪುಗಟ್ಟದಂತೆ ತಡೆಯುವ ಅಂಶ ಅದರ ಜೊಲ್ಲಿನಲ್ಲಿರುವುದರಿಂದ ತುಸು ಹೊತ್ತು ಸೋರುತ್ತದೆ, ಒತ್ತಿ ಹಿಡಿದರೆ ಸಾಕು.

ಡಿಸೆಂಬರ್‌ನಿಂದ ಮೇವರೆಗಿನದು ಗಂಭೀರ ವಿಷಯ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಗುರುತಿಸಿದ ಮಂಗನ ಕಾಯಿಲೆ ಉಣುಗಿನಿಂದ ಹರಡುತ್ತದೆ. ಕಾಯಿಲೆ ಕಾಣಿಸಿಕೊಂಡ ಊರಿನ ಕಾಡಿಗೆ ಆ ಕಾಲದಲ್ಲಿ ಹೋಗಬಾರದು. ಹೋಗಲೇಬೇಕಾದವರು ಆರೋಗ್ಯ ಇಲಾಖೆ ಕೊಡುವ ಡೆಪಾ ಎಣ್ಣೆ ಹಚ್ಚಿ, ತರಗೆಲೆಯ ಮೇಲೆ ಕೂರದೆ, ಬಂದ ಕೂಡಲೇ ಬಿಸಿನೀರಲ್ಲಿ ಮಿಂದು ಬಟ್ಟೆ ಕುದಿಸಬೇಕು. ಆಮೇಲಿನ ದಿನಗಳಲ್ಲಿ ಜ್ವರ ಬಂದರೆ ಕಾಡಿಗೆ ಹೋಗಿದ್ದನ್ನು ವೈದ್ಯರಿಗೆ ಮೊದಲು ಹೇಳಿ. ಬೇಸಿಗೆಯಲ್ಲಿ ಬೆಂಕಿಯ ಭಯಕ್ಕೆ ಅರಣ್ಯ ಇಲಾಖೆ ಚಾರಣದ ಹಾದಿಗಳನ್ನು ಮುಚ್ಚುವುದೂ ಉಂಟು. ಹಾಗಾಗಿ ಮಲೆನಾಡಿಗೆ ಉಳಿಯುವುದು ಅಕ್ಟೋಬರ್, ನವೆಂಬರ್. ಗದ್ದೆ ಹಸಿರಿರುತ್ತದೆ, ಹಳ್ಳದಲ್ಲಿ ನೀರಿರುತ್ತದೆ. ಕೊಡಗಿನ ಕಡೆಯಾದರೆ ಬೆಳಿಗ್ಗೆ ಏಳಕ್ಕೆ ಮುಂಚೆ, ಸಂಜೆ ಐದರ ಮೇಲೆ ತೋಟದ ಹಾದಿಗೆ ಇಳಿಯಬೇಡಿ, ಅದು ಆನೆಯ ಹೊತ್ತು.

ಅಲ್ಮೋರಾದಿಂದ ಮನೆಗೆ ಏನು ತರಬಹುದು?
– ಓದುಗರು, ಧಾರವಾಡ

ಬಾಲ್ ಮಿಠಾಯಿ. ಖೋವಾವನ್ನು ಕಂದುಬಣ್ಣ ಬರುವ ತನಕ ಹುರಿದು, ಕತ್ತರಿಸಿ, ಮೇಲೆ ಸಕ್ಕರೆಯ ಬಿಳಿ ಗುಂಡು ಮೆತ್ತಿರುತ್ತಾರೆ. ಹಾಲನ್ನು ಹುರಿದೇ ಬಣ್ಣ ಬರಿಸುವುದು ನಿಮ್ಮ ಪೇಡೆಯ ಹಾಗೆಯೇ. ಹೊರಡುವ ದಿನ ಬೆಳಿಗ್ಗೆ ಕೊಳ್ಳಿ, ದಿಲ್ಲಿಯ ಸೆಕೆಯಲ್ಲಿ ಡಬ್ಬಿಯನ್ನು ಬಿಸಿಲಿಗೆ ಬಿಡಬೇಡಿ. ಮಾಲು ಎಲೆಯ ಪೊಟ್ಟಣದಲ್ಲಿ ಕೊಡುವ ಸಿಂಗೋಡಿಯನ್ನು ಮಾತ್ರ ಅಲ್ಲೇ ನಿಂತು ತಿನ್ನಿ. ಎಲೆ ಬಾಡಿದರೆ ಅದರ ಘಮ ಹೋಗುತ್ತದೆ.